ಹೂ ನೋಡಲು ಹೋದವರು

"ಗುರುಗಳೇ, ಕೇಡು ಬಯಸದವನು ಕೇಡು ಮಾಡಬಲ್ಲನೇ?" ಎಂದು ಶಿಷ್ಯ ಕೇಳಿದ.

"ಈ ಪ್ರಶ್ನೆ ಏಕೆ ಬಂತು?" ಎಂದರು ಗುರುಗಳು.

"ಕೆಟ್ಟ ಕೆಲಸ ಕೆಟ್ಟ ಮನಸ್ಸಿನಿಂದ ಹುಟ್ಟುತ್ತದೆ ಎನ್ನುತ್ತಾರೆ. ಹಾಗಿದ್ದರೆ ಮನಸ್ಸಿನಲ್ಲಿ ಕೆಟ್ಟದ್ದಿಲ್ಲದವರು ನಿಶ್ಚಿಂತೆಯಿಂದ ಇರಬಹುದಲ್ಲವೇ?"

ಗುರುಗಳು ಈ ಕತೆ ಹೇಳಿದರು.

ದೂರದ ಒಂದು ದೇಶದಲ್ಲಿ ಒಂದು ದೊಡ್ಡ ಪಟ್ಟಣವಿದೆ. ಅಲ್ಲಿ ಚಳಿ ಹೆಚ್ಚು. ಚಳಿಗಾಲ ಮುಗಿಯುತ್ತಿದ್ದಂತೆ ಅಲ್ಲಿನ ಉದ್ಯಾನಗಳಲ್ಲಿ ಚೆರ್ರಿ ಮರಗಳು ಹೂ ಬಿಡುತ್ತವೆ. ಆ ಹೂಗಳ ಆಯಸ್ಸು ಕೆಲವೇ ದಿನ. ಒಂದು ಜೋರು ಮಳೆ ಬಂದರೆ ಅದೂ ಇಲ್ಲ. ಅವನ್ನು ನೋಡಲು ಎಲ್ಲೆಲ್ಲಿಂದಲೋ ಜನ ಹೋಗುತ್ತಾರೆ. ಬೆಳಿಗ್ಗೆ ಬಸ್ಸು ಹತ್ತಿಸಿ, ಮೂರು ಉದ್ಯಾನ ತೋರಿಸಿ, ಸಂಜೆ ತಂದು ಬಿಡುವ ಮಾರ್ಗದರ್ಶಿಗಳು ಅಲ್ಲಿದ್ದಾರೆ.

ಒಂದು ವರ್ಷ ನಮ್ಮ ಕಡೆಯ ಜನರ ಗುಂಪೊಂದು ಅಲ್ಲಿಗೆ ಹೋಯಿತು. ಅವರ ಮಾರ್ಗದರ್ಶಿಯೂ ನಮ್ಮ ಕಡೆಯವನೇ, ಆ ಪಟ್ಟಣದಲ್ಲಿ ನೆಲೆಸಿದವನು. ಒಳ್ಳೆಯ ಮಾತುಗಾರ. ಬಸ್ಸು ಹೊರಟಾಗ ಅವನು ಎದ್ದು ನಿಂತು, "ರಾತ್ರಿ ಮಳೆ ಇದೆಯಂತೆ. ನಾಳೆ ಹೂ ಇರುವುದಿಲ್ಲ. ನಿಮ್ಮ ಪಾಲಿಗೆ ಇರುವುದು ಇವತ್ತೊಂದೇ ದಿನ. ಕಡೆಗೆ ಒಂದು ಕೆರೆಯ ಪಾರ್ಕಿಗೆ ಹೋಗುತ್ತೇವೆ. ಅದನ್ನು ನೋಡದೆ ಹೋದರೆ ಬಂದದ್ದೇ ವ್ಯರ್ಥ" ಎಂದ. ಎಲ್ಲರೂ ಚಪ್ಪಾಳೆ ತಟ್ಟಿದರು.

ಗುಂಪಿನಲ್ಲಿ ಒಬ್ಬ ಜವಳಿ ವ್ಯಾಪಾರಿ ಇದ್ದ. ಜೊತೆಗೆ ಅವನ ಹೆಂಡತಿ ಶಶಿರೇಖಾ. ಮದುವೆಯಾದ ಮೇಲೆ ಅವಳು ಊರು ಬಿಟ್ಟು ಹೊರಗೆ ಹೋದದ್ದೇ ಇಲ್ಲ. ಅವಳ ಅತ್ತೆ ಲಕ್ವ ಹೊಡೆದು ಹಾಸಿಗೆ ಹಿಡಿದಿದ್ದರು. ಉಣಿಸುವುದು, ತೊಳೆಯುವುದು, ಮಗ್ಗುಲು ಹೊರಳಿಸುವುದು ಎಲ್ಲವೂ ಅವಳದೇ ಕೆಲಸ. ಅವಳ ಪ್ರಾಯ ಆ ಕೋಣೆಯಲ್ಲೇ ಕಳೆಯಿತು. ಅವಳು ಎಂದೂ ಮುಖ ಗಂಟಿಕ್ಕಲಿಲ್ಲ. ಅತ್ತೆ ತೀರಿಕೊಂಡ ಮೇಲೆ ಗಂಡ ಅವಳನ್ನು, "ಎಲ್ಲಿಗೆ ಹೋಗೋಣ, ನೀನೇ ಹೇಳು" ಎಂದು ಕೇಳಿದ. ಅವಳು ಈ ಹೂಗಳ ಹೆಸರು ಹೇಳಿದಳು.

ಬಸ್ಸಿನಲ್ಲಿ ಅವಳ ಪಕ್ಕಕ್ಕೆ ಒಬ್ಬ ಮುದುಕಿ ಕುಳಿತಿದ್ದಳು. ಹೆಸರು ನೀಲಗಂಗವ್ವ. ಸೀರೆಗೆ, ಕುಪ್ಪಸಕ್ಕೆ ಕಸೂತಿ ಹಾಕಿ ಬದುಕಿದವಳು. ಜೊತೆಗೆ ಬರಬೇಕಿದ್ದ ತಂಗಿ ಹೊರಡುವ ಮುಂಚೆ ಕಾಲು ಮುರಿದುಕೊಂಡಳು. ಮುದುಕಿ ಒಬ್ಬಳೇ ಬಂದಳು.

"ನೀ ಕಿಟಕಿ ಕಡೆ ಕುಂದ್ರವಾ. ನಿನಗ ಮೊದಲನೇ ಸಲ ಅಂತ ಕಾಣತೈತಿ" ಎಂದಳು ಮುದುಕಿ.

"ನಿಮಗೂ ಮೊದಲನೇ ಸಲ ಅಲ್ಲವಾ ಅಜ್ಜಿ?" ಎಂದಳು ಶಶಿರೇಖಾ.

"ನಾ ಈ ಹೂವನ್ನ ಸಾವಿರ ಸಲ ನೋಡೀನಿ. ಕ್ಯಾಲೆಂಡರಿನ್ಯಾಗ. ಅದನ್ನ ನೋಡಿ ನೋಡಿ ದಾರದಾಗ ಹಾಕೀನಿ."

ಮೊದಲ ಉದ್ಯಾನದಲ್ಲಿ ಎಲ್ಲರೂ ಮರಗಳ ನಡುವೆ ಓಡಾಡಿದರು. ಮುದುಕಿ ಒಂದೇ ಮರದ ಕೆಳಗೆ ನಿಂತಳು. ನೆಲಕ್ಕೆ ಬಿದ್ದ ಒಂದು ಹೂವನ್ನು ಎತ್ತಿ ಕಣ್ಣ ಹತ್ತಿರ ಹಿಡಿದಳು. ಆಮೇಲೆ ಶಶಿರೇಖಾಳನ್ನು ಕರೆದಳು.

"ಇಲ್ಲಿ ನೋಡವಾ. ಎಸಳಿನ ತುದೀಗೆ ಒಂದು ಸಣ್ಣ ಸೀಳು ಐತಿ. ಕ್ಯಾಲೆಂಡರಿನ್ಯಾಗ ಅದು ಕಂಡಿರಲಿಲ್ಲ. ಇಷ್ಟು ವರ್ಷ ನಾ ತಪ್ಪು ಹಾಕೀನಿ!"

ಹಾಗೆಂದು ಅವಳು ಗಟ್ಟಿಯಾಗಿ ನಕ್ಕಳು. ಶಶಿರೇಖಾಳೂ ನಕ್ಕಳು. ಇಬ್ಬರೂ ಒಬ್ಬರ ಕೈ ಒಬ್ಬರು ಹಿಡಿದುಕೊಂಡು ಬಸ್ಸಿಗೆ ಮರಳಿದರು. ಶಶಿರೇಖಾಳಿಗೆ ಅಂಥ ಸಂತೋಷ ಆಗಿ ಎಷ್ಟೋ ಕಾಲವಾಗಿತ್ತು.

ಎರಡನೆಯ ಉದ್ಯಾನದಲ್ಲಿ ಮಧ್ಯಾಹ್ನದ ಊಟ. ಎಲ್ಲರಿಗೂ ಚಿತ್ರಾನ್ನದ ಡಬ್ಬಿ ಕೊಟ್ಟರು. ಮುದುಕಿಯ ಕೈಯಿಂದ ಚಮಚ ಜಾರಿ ಬಿತ್ತು. ಶಶಿರೇಖಾ ಎತ್ತಿಕೊಟ್ಟಳು. ಅದು ಮತ್ತೆ ಜಾರಿತು. ಮುದುಕಿಯ ತುಟಿಯ ಒಂದು ಕೊನೆ ಇಳಿದಿತ್ತು. ಅಲ್ಲಿಂದ ಅನ್ನ ಹೊರಕ್ಕೆ ಬರುತ್ತಿತ್ತು.

"ಅಜ್ಜಿ, ಏನಾಯಿತು?"

ಮುದುಕಿ ಏನೋ ಹೇಳಲು ಹೋದಳು. ನಾಲಿಗೆ ಹೊರಳಲಿಲ್ಲ. ಸ್ವರ ಬಂತು, ಮಾತು ಬರಲಿಲ್ಲ.

ಶಶಿರೇಖಾ ತನ್ನ ಸೆರಗಿನಿಂದ ಮುದುಕಿಯ ಬಾಯಿ ಒರೆಸಿದಳು. ಹಾಗೆ ಒರೆಸುವುದು ಅವಳ ಕೈಗೆ ಹೊಸದಲ್ಲ. ಅವಳಿಗೆ ಎಲ್ಲವೂ ತಿಳಿಯಿತು. ಅತ್ತೆಗೆ ಆದದ್ದೂ ಹೀಗೆಯೇ. ಅವತ್ತು ಆಸ್ಪತ್ರೆಯ ವೈದ್ಯರು, "ಸ್ವಲ್ಪ ಮುಂಚೆ ತಂದಿದ್ದರೆ ಇವರು ಎದ್ದು ಓಡಾಡುತ್ತಿದ್ದರು" ಎಂದಿದ್ದರು. ಆ ಮಾತು ಅವಳ ಕಿವಿಯಲ್ಲಿ ಇನ್ನೂ ಇತ್ತು.

ಅವಳು ಗಂಡನನ್ನು ದೂರಕ್ಕೆ ಕರೆದುಕೊಂಡು ಹೋದಳು. "ರೀ, ಆ ಅಜ್ಜಿಗೆ ಲಕ್ವ ಹೊಡೆದಿದೆ. ಅತ್ತೆಗೆ ಆದ ಹಾಗೆಯೇ ಆಗಿದೆ."

ವ್ಯಾಪಾರಿ ತಿರುಗಿ ನೋಡಿದ. "ಚಳಿಗೆ ಕೈ ಮರಗಟ್ಟಿರಬಹುದು" ಎಂದ. ಆಮೇಲೆ, "ಗೈಡಿಗೆ ಹೇಳಿದರೆ ಬಸ್ಸು ಸೀದಾ ಆಸ್ಪತ್ರೆಗೆ ಹೋಗುತ್ತದೆ. ಅಲ್ಲಿಗೆ ನಮ್ಮ ದಿನ ಮುಗಿಯಿತು. ಕೆರೆಯ ಪಾರ್ಕ್ ಇಲ್ಲ. ನೀನು ಕೇಳಿದೆ ಅಂತ ಇಲ್ಲಿಗೆ ಬಂದದ್ದು. ಹೇಳುವುದಾದರೆ ಹೇಳು, ನಾನು ಬೇಡ ಅನ್ನುವುದಿಲ್ಲ" ಎಂದ.

ಶಶಿರೇಖಾ ಅಲ್ಲಿಯೇ ನಿಂತಳು. ಮಾರ್ಗದರ್ಶಿ ಅವಳಿಂದ ಕೂಗಳತೆಯ ದೂರದಲ್ಲಿ ಇದ್ದ. ಅವಳು ಬಾಯಿ ತೆರೆದರೆ ಸಾಕಿತ್ತು. ಆದರೆ ಅವಳ ಕಣ್ಣಮುಂದೆ ಆ ಕೋಣೆ ಬಂತು. ಮತ್ತೊಂದು ಹಾಸಿಗೆ, ಮತ್ತೊಂದು ಇಳಿದ ತುಟಿ. ಇವತ್ತೊಂದು ದಿನ ತನ್ನದಾಗಿರಲಿ ಎಂದು ಅವಳಿಗೆ ಅನಿಸಿತು. ಗೈಡ್ ಇದ್ದಾನೆ, ಅವನೇ ನೋಡುತ್ತಾನೆ ಎಂದುಕೊಂಡಳು. ಅವಳು ಹೇಳಲಿಲ್ಲ.

ಮಾರ್ಗದರ್ಶಿ ನೋಡಿದ್ದ. ಮುದುಕಿ ಬಲಗಾಲು ಎಳೆಯುತ್ತ ಬಸ್ಸಿನ ಕಡೆಗೆ ಬರುತ್ತಿದ್ದಳು. ಅವನಿಗೆ ಹಿಂದಿನ ವರ್ಷದ ನೆನಪಾಯಿತು. ಯಾರಿಗೋ ಹುಷಾರಿಲ್ಲವೆಂದು ಅವನು ಪ್ರವಾಸವನ್ನು ಅರ್ಧಕ್ಕೆ ನಿಲ್ಲಿಸಿದ್ದ. ಉಳಿದವರು ದೂರು ಕೊಟ್ಟರು. ಆ ಹೂವಿನ ಕಾಲ ಮುಗಿಯುವವರೆಗೂ ಅವನನ್ನು ಕೆಲಸಕ್ಕೆ ಕರೆಯಲಿಲ್ಲ.

ಅವನು ಮುದುಕಿಯ ಎದುರು ಬಗ್ಗಿದ. "ಅಜ್ಜಿ, ಸುಸ್ತಾಗಿದೆ ಅಷ್ಟೇ ಅಲ್ಲವಾ? ಬೇರೇನೂ ಇಲ್ಲವಲ್ಲ?"

ಮುದುಕಿ ತಲೆಯಾಡಿಸಿದಳು.

"ಅಜ್ಜಿಗೆ ಸುಸ್ತಂತೆ, ಅಷ್ಟೇ" ಎಂದು ಅವನು ಎಲ್ಲರಿಗೂ ಕೇಳುವಂತೆ ಹೇಳಿದ. ಎಲ್ಲರಿಗೂ ಸಮಾಧಾನವಾಯಿತು. ಒಬ್ಬರು ತಮ್ಮ ಶಾಲು ಹೊದಿಸಿದರು. ಒಬ್ಬರು ಬಿಸಿನೀರು ಕೊಟ್ಟರು. ಅದು ಗಂಟಲಿಗೆ ಇಳಿಯದೆ ಕತ್ತಿನ ಮೇಲೆ ಹರಿಯಿತು. ಇನ್ನೊಬ್ಬರು ಕಾಲು ಚಾಚಲೆಂದು ತಮ್ಮ ಸೀಟು ಬಿಟ್ಟುಕೊಟ್ಟರು. ಯಾರೂ ಗದರಲಿಲ್ಲ, ಯಾರೂ ಗೊಣಗಲಿಲ್ಲ. "ಮಲಗಿಕೊಳ್ಳುತ್ತೀರಾ ಅಜ್ಜಿ?" ಎಂದರು. ಅವಳು ತಲೆಯಾಡಿಸಿದಳು. "ಈಗ ಪರವಾಗಿಲ್ಲವಾ?" ಎಂದರು. ತಲೆಯಾಡಿಸಿದಳು.

ಬಸ್ಸು ಬಹಳ ಹೊತ್ತು ಪಟ್ಟಣದೊಳಗೆ ಹೋಯಿತು. ದಾರಿಯಲ್ಲಿ ಒಂದು ಆಸ್ಪತ್ರೆ ಬಂತು. ಬರಹ ಆ ದೇಶದ ಲಿಪಿಯಲ್ಲಿ ಇತ್ತು. ಆದರೂ ಕೆಂಪು ದೀಪದ ಗಾಡಿಗಳನ್ನು ಕಂಡರೆ ಯಾರಿಗಾದರೂ ತಿಳಿಯುತ್ತಿತ್ತು. ಶಶಿರೇಖಾ ಅದನ್ನು ಕಂಡಳು. ಬಸ್ಸು ಮುಂದೆ ಹೋಯಿತು.

ಕೆರೆಯ ಉದ್ಯಾನದಲ್ಲಿ ಮುದುಕಿಯನ್ನು ಬಸ್ಸಿನಲ್ಲಿ ಬಿಡುವುದೇ ಎಂಬ ಮಾತು ಬಂತು. "ಪಾಪ, ಅಷ್ಟು ದೂರದಿಂದ ಬಂದಿದ್ದಾರೆ, ಅವರೂ ನೋಡಲಿ" ಎಂದರು ಒಬ್ಬರು. ಇಬ್ಬರು ಹೆಗಲು ಕೊಟ್ಟು ಇಳಿಸಿದರು. ಬಾಗಿಲ ಹತ್ತಿರದ ಮರದ ಕೆಳಗೆ ಒಂದು ಬೆಂಚಿನ ಮೇಲೆ ಕೂರಿಸಿದರು. ಶಾಲು ಸರಿಮಾಡಿದರು. ಹೂವಿನ ಎಸಳುಗಳು ಅವಳ ತಲೆಯ ಮೇಲೆ, ಮಡಿಲಿನ ಮೇಲೆ ಬಿದ್ದವು. ಅವಳು ಅವನ್ನು ಒರೆಸಿಕೊಳ್ಳಲಿಲ್ಲ. ಚೆನ್ನಾಗಿ ಕಾಣುತ್ತದೆ ಎಂದು ಕೆಲವರು ಫೋಟೋ ತೆಗೆದರು.

ಶಶಿರೇಖಾ ಅವಳ ಮುಂದೆ ಕುಕ್ಕರಗಾಲಿನಲ್ಲಿ ಕುಳಿತಳು. "ಅಜ್ಜಿ, ನಾವು ಒಂದು ಸುತ್ತು ಹಾಕಿ ಬರುತ್ತೇವೆ. ನೀವು ಇಲ್ಲೇ ಕೂತು ಹೂ ನೋಡುತ್ತಿರುತ್ತೀರಾ?"

ಮುದುಕಿ ತಲೆಯಾಡಿಸಿದಳು. ಆದರೆ ಅವಳ ಎಡಗೈ ಶಶಿರೇಖಾಳ ಸೆರಗನ್ನು ಹಿಡಿದಿತ್ತು. ಆ ಹಿಡಿತ ಬಿಗಿಯಾಗಿತ್ತು. ಕಣ್ಣು ಅವಳ ಮುಖದ ಮೇಲೆಯೇ ಇತ್ತು.

ಶಶಿರೇಖಾ ಆ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದಳು. ಮೆತ್ತಗೆ, ನೋವಾಗದಂತೆ ಬಿಡಿಸಿದಳು. ಎದ್ದು ಗಂಡನ ಜೊತೆ ಹೋದಳು.

ಆ ಉದ್ಯಾನ ಹೇಳಿದ್ದಕ್ಕಿಂತ ಚೆನ್ನಾಗಿತ್ತು. ಕೆರೆಯ ಸುತ್ತಲೂ ಹೂ, ನೀರಿನಲ್ಲಿಯೂ ಹೂ. ಶಶಿರೇಖಾ ಅದನ್ನು ನೋಡಿದಳು. ಅವಳಿಗೆ ಸಂತೋಷವೂ ಆಯಿತು. ಇದನ್ನು ಮರೆಮಾಚಿ ಕತೆ ಹೇಳುವುದು ಸರಿಯಲ್ಲ.

ಮರಳಿ ಬಂದಾಗ ಮುದುಕಿ ಬೆಂಚಿನ ಮೇಲೆ ಒಂದು ಕಡೆಗೆ ವಾಲಿದ್ದಳು. ಕರೆದರೆ ಕಣ್ಣು ಬಿಡಲಿಲ್ಲ. ಮಾರ್ಗದರ್ಶಿ ಆಗ ಆಂಬುಲೆನ್ಸ್ ಕರೆಸಿದ. ಅವನ ಜೊತೆ ಶಶಿರೇಖಾಳೂ ಹತ್ತಿದಳು.

ಆಸ್ಪತ್ರೆಯಲ್ಲಿ ವೈದ್ಯೆ ಮಾರ್ಗದರ್ಶಿಯನ್ನು ಆ ದೇಶದ ಭಾಷೆಯಲ್ಲಿ ಏನೋ ಕೇಳಿದಳು. ಅವನು ಉತ್ತರ ಕೊಟ್ಟ. ವೈದ್ಯೆ ಅವಸರದಿಂದ ರಕ್ತದ ಹೆಪ್ಪು ಕರಗಿಸುವ ಔಷಧ ತರಲು ಹೇಳಿದಳು.

"ಅವರು ಏನು ಕೇಳಿದರು?" ಎಂದಳು ಶಶಿರೇಖಾ.

"ಯಾವಾಗ ಶುರುವಾಯಿತು ಅಂತ."

"ನೀವು ಏನು ಹೇಳಿದಿರಿ?"

"ಈಗಷ್ಟೇ ಅಂದೆ."

"ಊಟದ ಹೊತ್ತಿಗೇ ಶುರುವಾಗಿತ್ತು. ಹಾಗಂತ ಹೇಳಿ."

ಮಾರ್ಗದರ್ಶಿ ದನಿ ತಗ್ಗಿಸಿದ. "ಅಕ್ಕಾ, ಹಾಗೆ ಹೇಳಿದರೆ ನಮ್ಮೆಲ್ಲರ ತಲೆಗೆ ಬರುತ್ತದೆ. ನೀವೂ ಇದ್ದಿರಲ್ಲ?"

"ಇದ್ದೆ. ನನಗೆ ಗೊತ್ತಿತ್ತು. ಅದನ್ನೂ ಹೇಳಿ."

ಅವನು ಹೇಳಿದ. ವೈದ್ಯೆ ಗಡಿಯಾರ ನೋಡಿದಳು. ತಂದ ಔಷಧವನ್ನು ಕೆಳಗಿಟ್ಟಳು. ಅದನ್ನು ಕೊಡುವ ಸಮಯ ಮೀರಿದೆ, ಈಗ ಕೊಟ್ಟರೆ ತಲೆಯೊಳಗೆ ರಕ್ತಸ್ರಾವವಾಗಬಹುದು ಎಂದಳು. ಮಧ್ಯಾಹ್ನ ಹೇಳಿದ್ದರೆ ಮುದುಕಿ ಉಳಿಯುತ್ತಿದ್ದಳೋ ಏನೋ. ಸಂಜೆ ಅದೇ ಮಾತು ಕಡೆಯ ಬಾಗಿಲನ್ನೂ ಮುಚ್ಚಿತು.

ಆ ರಾತ್ರಿ ಮಳೆ ಬಂತು. ಬೆಳಗಾಗುವ ಮೊದಲು ಮುದುಕಿ ತೀರಿಕೊಂಡಳು.

ಮುದುಕಿಯ ತಂಗಿಯ ಮಗ ದೇಹವನ್ನು ತೆಗೆದುಕೊಂಡು ಹೋಗಲು ಬಂದ. "ನಮ್ಮ ದೊಡ್ಡವ್ವ ಹೂ ನೋಡಿದಳಾ?" ಎಂದು ಕೇಳಿದ. ನೋಡಿದರು ಎಂದರು ಎಲ್ಲರೂ. ಬೆಂಚಿನ ಮೇಲಿನ ಫೋಟೋ ತೋರಿಸಿದರು. "ನಾವು ಮತ್ತೆ ಮತ್ತೆ ವಿಚಾರಿಸಿದೆವು, ಅವರು ಏನೂ ಇಲ್ಲ ಎಂದರು" ಎಂದರು. ಅವನು ಅವರಿಗೆಲ್ಲ ಕೈ ಮುಗಿದ. ಶಶಿರೇಖಾಳ ಎದುರು ಬಂದಾಗ ಅವಳು ಅವನ ಕೈ ಹಿಡಿದು ತಡೆದಳು. ತಾನು ಕಂಡದ್ದು, ಹೇಳದೆ ಹೋದದ್ದು, ಬೆರಳು ಬಿಡಿಸಿದ್ದು ಎಲ್ಲವನ್ನೂ ಹೇಳಿದಳು. ಅವನು ಕೇಳಿಸಿಕೊಂಡ. ತನ್ನ ಕೈ ಬಿಡಿಸಿಕೊಂಡು ಹೋದ.

ಗುಂಪಿನವರು ಊರಿಗೆ ಮರಳಿದರು. ವಿಮಾನದಲ್ಲಿ ಯಾರೂ ಶಶಿರೇಖಾಳ ಜೊತೆ ಮಾತಾಡಲಿಲ್ಲ. ಸುಮ್ಮನಿದ್ದಿದ್ದರೆ ಆಗುತ್ತಿತ್ತು, ಎಲ್ಲರಿಗೂ ಕೆಟ್ಟ ಹೆಸರು ತಂದಳು ಎಂದು ಅವರು ತಮ್ಮ ತಮ್ಮಲ್ಲಿ ಹೇಳಿಕೊಂಡರು. ವ್ಯಾಪಾರಿಯೂ ಹಾಗೆಯೇ ಅಂದುಕೊಂಡ.

ಗುರುಗಳು ಕತೆ ನಿಲ್ಲಿಸಿದರು.

ಶಿಷ್ಯ, "ಆ ಹೆಂಗಸಿನ ತಪ್ಪು ನನಗೆ ಕಾಣುತ್ತದೆ, ಗುರುಗಳೇ. ಆದರೆ ಉಳಿದವರು ಅಷ್ಟು ಸಲ ವಿಚಾರಿಸಿದರಲ್ಲ? ಪ್ರತಿಸಲವೂ ಆ ಮುದುಕಿಯೇ ತಲೆಯಾಡಿಸಿದಳಲ್ಲ?" ಎಂದ.

ಗುರುಗಳು ಹೇಳಿದರು: "ಅವಳಿಗೆ ತಲೆಯಾಡಿಸುವುದೊಂದೇ ಉಳಿದಿದೆ ಎಂದು ಕಂಡೇ ಅವರು ಹೌದು ಎನ್ನಿಸುವಂಥ ಪ್ರಶ್ನೆಗಳನ್ನೇ ಕೇಳಿದ್ದು."