ಬಿಲದ ಬಾಯಿಯ ಅಳತೆ

ಮೊಲಗಳ ಬಿಲಕ್ಕೆ ಹಾವಿನ ಕಾಟವಿತ್ತು. ಕಾವಲಿನ ಕೆಲಸಕ್ಕೆ ಕಾಡುಕೋಣವು ಎತ್ತರ, ಎದೆಯ ಸುತ್ತಳತೆ ನೋಡಿ ಕಡವೆಯನ್ನು ಆರಿಸಿ, ಮುಂಗುಸಿಯನ್ನು ಕೈಬಿಟ್ಟಿತು. ಮುಂಗುಸಿ ಕಾಡಿನ ನ್ಯಾಯಾಧೀಶ ಆನೆಗೆ ದೂರು ಕೊಟ್ಟಿತು. ಬಿಲದ ಮುಂದೆಯೇ ವಿಚಾರಣೆ ನಡೆಯಿತು.

“ಈ ಗಿಡ್ಡನನ್ನು ಸೇರಿಸಿಕೊಂಡರೆ ನಾಳೆ ಇಲಿಯೂ ಅರ್ಜಿ ಹಾಕುತ್ತದೆ, ಮಹಾಸ್ವಾಮಿ,” ಎಂದಿತು ಕಾಡುಕೋಣ.

ಅಷ್ಟರಲ್ಲಿ ಬಿಲದೊಳಗೆ ಹಾವು ಬುಸುಗುಟ್ಟಿತು. ತಾಯಿಮೊಲ ಕಡವೆಯತ್ತ ಓಡಿತು. “ಒಳಗೆ ನನ್ನ ಮರಿಗಳಿವೆ! ಹೋಗಪ್ಪ, ಕಾವಲುಗಾರ!”

ಕಡವೆ ತಲೆ ಬಗ್ಗಿಸಿತು. ಅದರ ಮೂತಿಯೂ ಒಳಗೆ ಹೋಗಲಿಲ್ಲ.

“ಎಲ್ಲರನ್ನೂ ಅಳೆದಿರಿ. ನನ್ನ ಬಿಲವನ್ನು ಅಳೆದಿರಾ, ಸ್ವಾಮಿ?” ಎಂದು ಮೊಲ ಕಾಡುಕೋಣವನ್ನು ಕೇಳಿತು.

ಆನೆ “ಮುಂದಿನ ವಿಚಾರಣೆ...” ಎನ್ನುವಷ್ಟರಲ್ಲಿ ಮುಂಗುಸಿ ಒಳಗೆ ನುಗ್ಗಿತ್ತು. ಬುಸುಗುಟ್ಟುವ ಸದ್ದು ನಿಂತಿತು. ಯಾರು ಹೊರಗೆ ಬರುವರೋ ಎಂದು ಎಲ್ಲರೂ ಬಿಲದ ಆ ಪುಟ್ಟ ಬಾಯಿಯನ್ನೇ ನೋಡುತ್ತ ನಿಂತರು.