ಗುಟುಕಿನ ಕೆರೆ

ಸೋಮಕ್ಕ ನೀರು ಕುಡಿಯುವಾಗಲೆಲ್ಲ ಮೊದಲ ಗುಟುಕನ್ನು ಕೆಳಗೆ ಚೆಲ್ಲುತ್ತಾಳೆ. ಚೊಂಬಾದರೂ ಅಷ್ಟೇ, ಮೊಮ್ಮಗಳು ಕೊಟ್ಟ ಬಾಟಲಿಯಾದರೂ ಅಷ್ಟೇ. ಅವಳ ಮನೆ ಬೆಸ್ತರ ಬೀದಿಯ ಕೊನೆಯಲ್ಲಿ, ಗುಟುಕಿನ ಕೆರೆಗೆ ಇಳಿಯುವ ಮೆಟ್ಟಿಲ ಪಕ್ಕದಲ್ಲೇ ಇದೆ. ಬಸ್ಸಿನ ಕಂಡಕ್ಟರು "ಗುಟ್ಕಾ ಕೆರೆ, ಗುಟ್ಕಾ ಕೆರೆ ಇಳ್ಕೊಳ್ರೀ" ಎಂದು ಕೂಗಿದಾಗ ಜನ ನಗುತ್ತಾರೆ. ಸೋಮಕ್ಕ ನಗುವುದಿಲ್ಲ. ಅಜ್ಜಿ ಹೇಳಿದ್ದನ್ನು ಅವಳು ಮರೆತಿಲ್ಲ.

ಹಿಂದೆ ಒಮ್ಮೆ, ಈ ಕೆರೆಯ ಜೊಂಡಿನ ತುಂಬ ಕೊರಮೀನುಗಳಿದ್ದ ಕಾಲದಲ್ಲಿ, ಇದೇ ಬೀದಿಯ ಕೆಂಚವ್ವ ಎಂಬವಳು ಹೆತ್ತಳಂತೆ. ಎದೆಯಲ್ಲಿ ಹಾಲಿಲ್ಲ. ಕೊರಮೀನಿನ ಸಾರು ಉಂಡರೆ ಹಾಲು ಇಳಿಯುತ್ತದೆಂಬುದು ಬೀದಿಯವರ ನಂಬಿಕೆ. ಆದರೆ ಅದು ಮುಂಗಾರಿನ ಮೊದಲ ತಿಂಗಳು, ಕೊರಮೀನು ಮರಿ ಕಾಯುವ ಸಮಯ. ಕೆಂಡ ಕೆದರಿದಂತೆ ಕೆಂಪು ಮರಿಗಳ ಹಿಂಡು ಗಾಳಿಯ ಗುಟುಕಿಗೆ ಮೇಲೇಳುವಾಗ ಅಪ್ಪಮೀನು ಕೆಳಗೆ ಕಾವಲಿರುತ್ತದೆ; ಹತ್ತಿರ ಸುಳಿದದ್ದನ್ನೆಲ್ಲ ಕಚ್ಚುತ್ತದೆ. ಆಗ ಅದನ್ನು ಹಿಡಿಯುವುದು ಬಲು ಸುಲಭ. ಸುಲಭವೆಂದೇ ಹಿರಿಯರು ಆ ತಿಂಗಳು ಗಾಳ ಮುಟ್ಟುತ್ತಿರಲಿಲ್ಲ ಎನ್ನುತ್ತಾರೆ.

"ಮರಿ ಕಾಯೋ ಮೀನು ಕಣೆ, ಹಿಡೀಬಾರ್ದು," ಎಂದ ಅವಳ ಗಂಡ ಮಾಳಿಂಗ.

"ನಿನ್ ಮರಿ ಇಲ್ಲಿ ಬಾಯ್ ಬಾಯ್ ಬಿಡ್ತೈತೆ, ನಿಂಗೆ ಮೀನಿನ ಮರಿ ಚಿಂತೆ! ಆ ಮೀನೇ ವಾಸಿ, ಅಪ್ಪ ಅನ್ನಿಸ್ಕೊಂಡೈತೆ."

ಮಾತು ನಾಟಿತು. ಗಾಳಕ್ಕೆ ಕಪ್ಪೆ ಕಟ್ಟಿ ಹಿಂಡಿನ ಮೇಲೆ ಎಳೆದ. ಒಂದೇ ಎಳೆತಕ್ಕೆ ಮೀನು ಬಂತು. ಕೆಂಚವ್ವ ಸಾರು ಉಂಡಳು. ಮೂರನೆಯ ದಿನ ಹಾಲು ಇಳಿಯಿತು, ಸೀರೆ ತೊಯ್ಯುವಷ್ಟು. ಅಂದು ಬೆಳಗ್ಗೆಯೇ ಕೂಸು ಕಣ್ಣು ಮುಚ್ಚಿತ್ತು. ಅವಳು ಕೆರೆಗಿಳಿದಳು. ಕಾವಲಿಲ್ಲದೆ ಬೇರೆ ಮೀನುಗಳ ಬಾಯಿಗೆ ಬಿದ್ದವು ಹೋಗಿ ಉಳಿದ ಒಂದು ಹಿಡಿ ಮರಿಗಳು ಮೆಟ್ಟಿಲ ಬಳಿ ಬಾಯಿ ತೆರೆಯುತ್ತಿದ್ದವು. ಸೊಂಟದವರೆಗಿನ ನೀರಿನಲ್ಲಿ ನಿಂತು ಎದೆಹಾಲನ್ನು ಅವುಗಳ ಮೇಲೆ ಹಿಂಡಿದಳು. "ನಿಮ್ಮಪ್ಪನ್ನ ತಿಂದೋಳು ನಾನೇ. ಒಂದ್ ಗುಟುಕು ಕುಡೀರಪ್ಪ," ಎಂದಳಂತೆ. ಮರಿಗಳು ಮುಳುಗಿದವು. ಅವು ಮತ್ತೆ ಮೇಲೇಳಲೆಂದು ಅವಳು ಅಲ್ಲೇ ಕಾದಳು. ಅವಳು ಮನೆಗೆ ಹಿಂದಿರುಗಿದ್ದನ್ನು ಕಂಡವರಿಲ್ಲ. ಕೆರೆಗೆ ಆ ಮಾತೇ ಹೆಸರಾಯಿತು ಎನ್ನುತ್ತಾರೆ.

ಬಂದವರಿಗೆ ಈಗಲೂ ಆ ಮೆಟ್ಟಿಲು ಕಾಣುತ್ತದೆ, ನಡುವೆ ಸವೆದು ಹಳ್ಳವಾಗಿದೆ. ಕೆಂಪು ಹಿಂಡು ಮಾತ್ರ ಕಂಡು ಐದು ಮುಂಗಾರು ಕಳೆಯಿತು. ಯಾರೋ ತಂದು ಬಿಟ್ಟ ಆಫ್ರಿಕದ ಕ್ಯಾಟ್‌ಫಿಶ್ ಮೀನು, ಮರಿಗಳನ್ನೆಲ್ಲ ಜೊಂಡಿನ ಬುಡದವರೆಗೂ ಹುಡುಕಿ ತಿಂದು ಮುಗಿಸಿದೆ. ಸೋಮಕ್ಕ ಸಂಜೆ ಚೊಂಬು ಹಿಡಿದು ಇಳಿಯುತ್ತಾಳೆ. ಮೊದಲ ಗುಟುಕನ್ನು ಬರಿಯ ನೀರಿನ ಮೇಲೆ ಚೆಲ್ಲಿ, ಬಾಗಿ ನೋಡುತ್ತಾಳೆ.

"ಒಂದ್ ಗುಟುಕು ಕುಡೀರಪ್ಪ."