ಬೀಜಗಣಿತದ ಗ್ರಂಥವೂ ಗೆದ್ದಲೂ

ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಉನ್ನತ ಬೀಜಗಣಿತದ ದಪ್ಪ ಗ್ರಂಥವೊಂದಿತ್ತು. ಒಂದು ದಿನ ಸಂಶೋಧನಾ ವಿದ್ಯಾರ್ಥಿನಿ ಶಾಂಭವಿ ಅದನ್ನು ತೆರೆದು, "ಈ ಪ್ರಮೇಯದಲ್ಲಿ ಕೊನೆಯ ಹಂತ ಹೇಗೆ ಬಂತು, ಹೇಳುತ್ತೀರಾ?" ಎಂದು ಕೇಳಿದಳು. ಗ್ರಂಥಕ್ಕೆ ಮೈಯೆಲ್ಲ ಉರಿದುಹೋಯಿತು.

"ಆ ಹಂತ ಸುಲಭ ಎಂದು ಅಲ್ಲೇ ಬರೆದಿದೆಯಲ್ಲ. ಅಷ್ಟೂ ತಿಳಿಯದವಳು ನನ್ನನ್ನೇಕೆ ಮುಟ್ಟಿದೆ? ಹೋಗು."

ಶಾಂಭವಿ ಅದನ್ನು ಮುಚ್ಚಿಟ್ಟು ಹೋದಳು. ಬಂದವರನ್ನೆಲ್ಲ ಗ್ರಂಥ ಹೀಗೆಯೇ ಗದರಿಸಿ ಅಟ್ಟಿತು. ಕೊನೆಗೆ ಅತ್ತ ಯಾರೂ ಸುಳಿಯದಾದಾಗ ಕಪಾಟಿಗೆ ಗೆದ್ದಲು ಹತ್ತಿ, ಮೊದಲ ಅಧ್ಯಾಯಕ್ಕೇ ಬಾಯಿ ಹಾಕಿತು.

ಗ್ರಂಥ ಸಿಟ್ಟಿನಿಂದ ನಡುಗಿತು. "ಮೂರ್ಖ ಹುಳುವೇ, ಇದರಲ್ಲಿ ಒಂದಕ್ಷರವಾದರೂ ನಿನಗೆ ಅರ್ಥವಾಗುತ್ತದೆಯೇ?"

"ಇಲ್ಲ," ಎಂದಿತು ಗೆದ್ದಲು. "ಅರ್ಥ ಮಾಡಿಕೊಳ್ಳಲು ಬಂದವರನ್ನು ನೀವೇ ಅಟ್ಟಿದಿರಿ. ನನಗೆ ಕಾಗದ ಸಾಕು."

ಗ್ರಂಥ ಬೈಯುತ್ತಲೇ ಇತ್ತು. ಗೆದ್ದಲು ಎರಡನೆಯ ಅಧ್ಯಾಯವನ್ನು ಕೊರೆಯತೊಡಗಿತು.